ಅಲ್ಫ್ರೆಡೊ ಕಾಸ್ಟ್ರೊ ಸಿನಿಮಾಗಳನ್ನು ಎಲ್ಲಿಂದ ಶುರು ಮಾಡಲಿ?

'ಮುಂದಿನ ಸಾಲು' ಅನ್ನುವ ಹೆಸರಿನವರು ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ಮೊನ್ನೆ 'ನೋ' ಸಿನಿಮಾ ನೋಡಿದೆ. 1988ರ ಅಕ್ಟೋಬರ್ 5ರಂದು ಚಿಲಿಯಲ್ಲಿ ಜನಮತಗಣನೆ ನಡೆಯಿತಲ್ಲ, ಸೇನಾ ಸರ್ವಾಧಿಕಾರಿ ಪಿನೊಚೆ ಇನ್ನೂ ಎಂಟು ವರ್ಷ ಇರಬೇಕೋ ಬೇಡವೋ ಅಂತ, ಅದರ ಕಥೆ. ಎರಡೂ ಕಡೆಯವರಿಗೆ ದಿನಾ ರಾತ್ರಿ ಟಿವಿಯಲ್ಲಿ ಹದಿನೈದು ನಿಮಿಷ ಸಿಗುತ್ತದೆ. 27 ದಿನ. ಅಷ್ಟರಲ್ಲೇ ಒಂದು ಸರ್ವಾಧಿಕಾರವನ್ನು ಸೋಲಿಸಬೇಕು.

ನಾನು ಕೂತಿದ್ದು ನಟ ಗಾಯೆಲ್ ಗಾರ್ಸಿಯಾ ಬೆರ್ನಾಲ್ ಇದ್ದಾರೆ ಅಂತ. ಆದರೆ ಮುಗಿದ ಮೇಲೆ ತಲೆಯಲ್ಲಿ ಉಳಿದದ್ದು ಕಥೆಯಲ್ಲಿ ಅವರ ಪಾತ್ರಕ್ಕೆ ಬಾಸ್ ಆದ ಲೂಚೊ ಗುಸ್ಮಾನ್. ಜಾಹೀರಾತು ಕಂಪನಿಯ ಯಜಮಾನ, ಸರ್ಕಾರದ ಪರ ಪ್ರಚಾರ ಮಾಡುವವನು. ಬೆದರಿಕೆ ಹಾಕುವಾಗಲೂ ದನಿ ಏರಿಸುವುದಿಲ್ಲ. ಫಲಿತಾಂಶ ಬಂದ ಮೇಲೆ ಏನೂ ಆಗಿಲ್ಲ ಅನ್ನುವ ಹಾಗೆ ಇಬ್ಬರೂ ಮತ್ತೆ ಜೊತೆಗೇ ಹೊಸ ಕೆಲಸಕ್ಕೆ ಹೊರಡುತ್ತಾರೆ. ಅವನನ್ನು ಕೆಟ್ಟವನು ಅಂತ ಬೈಯಲು ಬಾಯಿ ಬರಲಿಲ್ಲ, ಒಳ್ಳೆಯವನು ಅನ್ನಲೂ ಆಗಲಿಲ್ಲ.

ಆ ನಟ ಅಲ್ಫ್ರೆಡೊ ಕಾಸ್ಟ್ರೊ ಅಂತ ಆಮೇಲೆ ಗೊತ್ತಾಯಿತು. ಹುಡುಕಿದರೆ ಸಿನಿಮಾಗಳ ಪಟ್ಟಿ ಬೆಳೆಯುತ್ತಲೇ ಹೋಯಿತು. ಚಿಲಿ, ಅರ್ಜೆಂಟೀನಾ, ಮೆಕ್ಸಿಕೊ, ವೆನೆಜುವೆಲಾ. ಯಾವುದರಿಂದ ಶುರು ಮಾಡಲಿ? ಇನ್ನೊಂದು ಪ್ರಶ್ನೆ. ಎಲ್ಲರೂ ಇವರನ್ನು ದೊಡ್ಡ ನಟ ಅನ್ನುತ್ತಾರೆ, ಆದರೆ ಮುಖದಲ್ಲಿ ಹೆಚ್ಚೇನೂ ಕಾಣುವುದೇ ಇಲ್ಲ. ಆದರೂ ಕಣ್ಣು ಅವರ ಮೇಲೇ ನಿಲ್ಲುತ್ತದೆ. ಅದು ಹೇಗೆ?

ಸಂಜೆ ಬಸ್ಸು:

'ಟೋನಿ ಮನೇರೊ' (2008). ಬೇರೆ ಯೋಚನೆ ಬೇಡ. ಜಗತ್ತಿಗೆ ಇವರು ಗೊತ್ತಾಗಿದ್ದೇ ಅದರಿಂದ. ನಿರ್ದೇಶಕ ಪಾಬ್ಲೊ ಲರಾಯಿನ್, 'ನೋ' ಮಾಡಿದವರೇ. ಚಿತ್ರಕಥೆಯಲ್ಲಿ ಕಾಸ್ಟ್ರೊ ಅವರದ್ದೂ ಪಾಲಿದೆ. ಟೊರಿನೊ ಚಿತ್ರೋತ್ಸವದಲ್ಲಿ ಅತ್ಯುತ್ತಮ ಚಿತ್ರ, ಅತ್ಯುತ್ತಮ ನಟ ಎರಡೂ ಬಂತು.

1978ರ ಸಾಂಟಿಯಾಗೊ. ರೌಲ್ ಅನ್ನುವ 52ರ ಮನುಷ್ಯನಿಗೆ 'ಸ್ಯಾಟರ್ಡೇ ನೈಟ್ ಫೀವರ್'ನ ಜಾನ್ ಟ್ರವೋಲ್ಟಾ ಪಾತ್ರದ ಹುಚ್ಚು. ಟಿವಿ ಸ್ಪರ್ಧೆಯಲ್ಲಿ ಅವನ ಹಾಗೆ ಕುಣಿದು ಗೆಲ್ಲಬೇಕು. ಅದಕ್ಕಾಗಿ ಕಳ್ಳತನ ಮಾಡುತ್ತಾನೆ, ಕೊಲೆ ಮಾಡುತ್ತಾನೆ. ಬೀದಿಯಲ್ಲಿ ಪೆಟ್ಟು ತಿಂದ ಅಜ್ಜಿಯೊಬ್ಬಳನ್ನು ಮನೆವರೆಗೂ ಬಿಟ್ಟುಬರಲು ಹೋಗುತ್ತಾನೆ. ಅವಳ ಮನೆಯಲ್ಲಿ ಕಲರ್ ಟಿವಿ ಇದೆ. ಮುಂದಿನದ್ದು ನೀವೇ ನೋಡಿ. ಆ ದೃಶ್ಯ ನೋಡಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ.

ಮನೆಯವರ ಜೊತೆ ಕೂತು ನೋಡಬೇಡಿ ಅಷ್ಟೇ.

ಕಾರ್ಬನ್ ಕಾಪಿ:

'ಟೋನಿ ಮನೇರೊ' ದೊಡ್ಡ ಸಿನಿಮಾ, ಅದರಲ್ಲಿ ಎರಡು ಮಾತಿಲ್ಲ. ಆದರೆ ಮೊದಲು ಅದು ಬೇಡ. ಅದರಲ್ಲಿ ಕೊಲೆ, ಕುಣಿತ, ಹುಚ್ಚು ಎಲ್ಲ ಇದೆ. ನೋಡುವವರ ಗಮನವೆಲ್ಲ ಅತ್ತ ಹೋಗುತ್ತದೆ. ಕಾಸ್ಟ್ರೊ ಮಾಡುವ ಕೆಲಸ ಏನು ಅಂತ ಬಿಡಿಸಿ ನೋಡಬೇಕು ಅಂದರೆ 'ಪೋಸ್ಟ್ ಮಾರ್ಟೆಮ್'ನಿಂದ ಶುರು ಮಾಡಿ. ಅದೂ ಲರಾಯಿನ್ ಅವರದ್ದೇ, 2010ರದ್ದು. ವೆನಿಸ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು.

ಯಾಕೆ ಅಂತ ಸ್ವಲ್ಪ ಉದ್ದಕ್ಕೆ ಹೇಳುತ್ತೇನೆ, ಬೇಜಾರು ಮಾಡ್ಕೋಬೇಡಿ.

ನಾನು ಜಿಲ್ಲಾ ಆಸ್ಪತ್ರೆಯೊಂದರಲ್ಲಿ ಟೈಪಿಸ್ಟ್ ಆಗಿದ್ದೆ. ನನ್ನ ಕೋಣೆ ಮಾರ್ಚುರಿಯ ಪಕ್ಕದಲ್ಲಿ. ಶವಪರೀಕ್ಷೆಯ ಪಿ.ಎಂ. ವರದಿಗಳೆಲ್ಲ ನನ್ನ ಮೇಜಿನ ಮೇಲೇ ಹಾದು ಹೋಗುತ್ತಿದ್ದವು. ಡಾಕ್ಟರು ಕೈಬರಹದಲ್ಲಿ ಕೊಡುತ್ತಿದ್ದರು, ಅವಸರ ಇದ್ದರೆ ಬಾಗಿಲಲ್ಲೇ ನಿಂತು ಹೇಳಿ ಬರೆಸುತ್ತಿದ್ದರು. ಗಾಯದ ಉದ್ದ, ಅಗಲ, ಆಳ, ಎಡಗಡೆಯೋ ಬಲಗಡೆಯೋ. ಮೂರು ಹಾಳೆ, ನಡುವೆ ಕಾರ್ಬನ್. ಹೊರಗಿನ ಬೆಂಚಿನಲ್ಲಿ ಸ್ಟೇಷನ್ನಿನ ಪೇದೆ ಕೂತಿರುತ್ತಿದ್ದ, ಅವನ ಪಕ್ಕದಲ್ಲಿ ಸತ್ತವರ ಮನೆಯವರು. ಅವರ ಅಳು ಕೇಳುತ್ತಲೇ ಕೈ ಓಡಬೇಕು, ತಪ್ಪಬಾರದು. ಈ ಕೆಲಸ ಮಾಡುವವರ ಮುಖ ಹೇಗಿರುತ್ತದೆ ಅಂತ ನನಗೆ ಚೆನ್ನಾಗಿ ಗೊತ್ತು. ದುಃಖದ ಮುಖವೂ ಅಲ್ಲ, ಕಲ್ಲು ಮುಖವೂ ಅಲ್ಲ. ಕೆಲಸದಲ್ಲಿರುವ ಮುಖ.

'ಪೋಸ್ಟ್ ಮಾರ್ಟೆಮ್'ನಲ್ಲಿ ಕಾಸ್ಟ್ರೊ ಅವರದ್ದು ಮಾರಿಯೊ ಕೊರ್ನೆಹೊ ಅನ್ನುವ ಪಾತ್ರ. ಸಾಂಟಿಯಾಗೊ ಶವಾಗಾರದ ನೌಕರ. ಡಾಕ್ಟರು ಹೇಳಿದ್ದನ್ನು ಬರೆದುಕೊಂಡು ವರದಿ ಮಾಡುವವನು. ಉದ್ದ ಕೂದಲು, ಇಳಿಬಿದ್ದ ಹೆಗಲು. ಎದುರುಮನೆಯ ನಾನ್ಸಿ ಕ್ಯಾಬರೆಯಲ್ಲಿ ಕುಣಿಯುವವಳು, ಅವಳ ಮೇಲೆ ಅವನಿಗೆ ಮನಸ್ಸು. ಕಾಲ 1973ರ ಸೆಪ್ಟೆಂಬರ್. 11ನೇ ತಾರೀಖು ಸೇನೆ ದಂಗೆ ಎದ್ದು ಅಧ್ಯಕ್ಷ ಸಾಲ್ವಡಾರ್ ಅಯೆಂದೆ ಸರ್ಕಾರವನ್ನು ಕಿತ್ತುಹಾಕಿತಲ್ಲ, ಆ ದಿನಗಳು. ಮಾರಿಯೊ ಕೊರ್ನೆಹೊ ಅನ್ನುವ ಹೆಸರು ಕಟ್ಟುಕಥೆಯಲ್ಲ. ಅಯೆಂದೆ ಅವರ ನಿಜವಾದ ಶವಪರೀಕ್ಷೆ ವರದಿಯಲ್ಲಿ ಆ ಹೆಸರಿದೆ. ಲರಾಯಿನ್ ಸಿನಿಮಾ ಹುಟ್ಟಿದ್ದೇ ಆ ವರದಿಯಿಂದ.

ದಂಗೆ ಬಂದ ಬೆಳಗ್ಗೆಯನ್ನು ಹೇಗೆ ತೋರಿಸಿದ್ದಾರೆ ನೋಡಿ. ಟ್ಯಾಂಕಿಲ್ಲ, ವಿಮಾನವಿಲ್ಲ. ಮಾರಿಯೊ ಸ್ನಾನ ಮಾಡುತ್ತಿದ್ದಾನೆ. ಶವರ್ ನೀರಿನ ಸದ್ದು. ಆಚೆ ಎದುರುಮನೆಗೆ ಜನ ನುಗ್ಗಿದ್ದಾರೆ, ಎಲ್ಲ ಒಡೆದು ಹಾಕುತ್ತಿದ್ದಾರೆ. ಅವನಿಗೆ ಅದು ಕೇಳಿಸಿತೋ ಇಲ್ಲವೋ ಅಂತ ನಮಗೆ ತಿಳಿಯುವುದಿಲ್ಲ. ಬೇರೆ ನಟರಾಗಿದ್ದರೆ ಒಂದು ಕ್ಷಣ ಕಿವಿ ನಿಮಿರಿಸುತ್ತಿದ್ದರು, ನಮಗೊಂದು ಸುಳಿವು ಕೊಡುತ್ತಿದ್ದರು. ಕಾಸ್ಟ್ರೊ ಕೊಡುವುದಿಲ್ಲ. ಒಂದು ದೇಶ ಬೀಳುವಾಗ ಎಷ್ಟು ಜನ ಸ್ನಾನದ ಮನೆಯಲ್ಲಿದ್ದರು ಅನ್ನುವುದು ನನ್ನನ್ನು ಇವತ್ತಿಗೂ ಬಿಟ್ಟಿಲ್ಲ.

ಆಮೇಲೆ ಅಯೆಂದೆ ಶವಪರೀಕ್ಷೆಯ ದೃಶ್ಯ. ಕೋಣೆ ತುಂಬ ಸೇನೆಯ ಅಧಿಕಾರಿಗಳು. ಡಾಕ್ಟರ ಪಾತ್ರದಲ್ಲಿ ಹೈಮೆ ವಾಡೆಲ್. ಅವರೂ ಚಿಲಿಯ ಬಹಳ ಹಳೆಯ ನಟ. ಮಾರಿಯೊ ಎದುರಿಗೆ ಕರೆಂಟಿನ ಟೈಪ್‌ರೈಟರ್ ಇಟ್ಟಿದ್ದಾರೆ. ಅದು ಅವನ ಕೈಗೆ ಬರುವುದಿಲ್ಲ. ಕಡೆಗೆ ಸೇನೆಯವನೊಬ್ಬ ಅವನ ಜಾಗದಲ್ಲಿ ಕೂತು ಟೈಪ್ ಮಾಡುತ್ತಾನೆ.

ಟೈಪಿಂಗ್ ಗೊತ್ತಿಲ್ಲದವರಿಗೆ ಇದು ಸಣ್ಣ ವಿಷಯ ಅನ್ನಿಸಬಹುದು. ಕೈ ಮೆಷಿನ್ನಿನಲ್ಲಿ ಕೀಲಿಯನ್ನು ಹೊಡೆಯಬೇಕು. ಬೆರಳಿನ ಬಲವೇ ಅಕ್ಷರವನ್ನು ಹಾಳೆಗೆ ತಲುಪಿಸುವುದು, ಅದರಲ್ಲೂ ಮೂರನೇ ಕಾಪಿ ಮೂಡಬೇಕಾದರೆ. ಕರೆಂಟಿನದ್ದು ಹಾಗಲ್ಲ. ಸುಮ್ನೆ ಮುಟ್ಟಿದರೂ ಅಕ್ಷರ ಬಿದ್ದುಬಿಡುತ್ತದೆ. ಬೆರಳನ್ನು ಕೀಲಿಯ ಮೇಲೆ ಇಟ್ಟು ಯೋಚಿಸುವ ಹಾಗಿಲ್ಲ. ಕೈ ಮೆಷಿನ್ನಿನಲ್ಲಿ ಪಳಗಿದವರಿಗೆ ಮೊದಲ ದಿನ ಕೈಕಾಲೇ ಆಡುವುದಿಲ್ಲ. ಈಗ ಆ ಮೇಜಿನ ಮುಂದೆ ಕೂತವನನ್ನು ಯೋಚಿಸಿ. ಜೀವನದಲ್ಲಿ ಅವನಿಗೆ ಬರುವುದು ಇದೊಂದೇ ಕೆಲಸ. ಅದನ್ನು ಮಾಡಬೇಕಾದ ಅತಿ ದೊಡ್ಡ ದಿನ, ಅಷ್ಟು ಜನ ಸಮವಸ್ತ್ರದವರ ಎದುರಿಗೆ, ಅದೇ ಕೈಕೊಡುತ್ತದೆ. ಸತ್ತಿರುವುದು ದೇಶದ ಅಧ್ಯಕ್ಷ. ಆದರೆ ಮಾರಿಯೊ ನಾಚಿಕೆ ಪಡುತ್ತಿರುವುದು ಟೈಪಿಂಗ್ ಬರಲಿಲ್ಲವಲ್ಲ ಅಂತ. ಕಾಸ್ಟ್ರೊ ಆ ನಾಚಿಕೆಯನ್ನು ಎಷ್ಟು ಬೇಕೋ ಅಷ್ಟೇ ತೋರಿಸುತ್ತಾರೆ, ಒಂದು ಗುಲಗಂಜಿ ಜಾಸ್ತಿ ಇಲ್ಲ.

ಮುಖದಲ್ಲಿ ಹೆಚ್ಚೇನೂ ಕಾಣುವುದಿಲ್ಲ ಅಂದಿರಲ್ಲ, ಅದಕ್ಕೆ ನನ್ನ ಉತ್ತರ ಇದು. ಈ ಪಾತ್ರಗಳು ತಮ್ಮನ್ನು ತಾವು ನೋಡಿಕೊಳ್ಳದ ಮನುಷ್ಯರು. ತಮಗೇ ಗೊತ್ತಿಲ್ಲದ್ದನ್ನು ಮುಖ ಹೇಗೆ ಹೇಳುತ್ತದೆ? ಕಾಸ್ಟ್ರೊ ನಮ್ಮ ಕನಿಕರ ಕೇಳುವುದಿಲ್ಲ. 'ನೋಡಿ, ಒಳಗೆ ನಾನು ನರಳುತ್ತಿದ್ದೇನೆ' ಅನ್ನುವ ಒಂದು ನೋಟವನ್ನೂ ಕ್ಯಾಮೆರಾದ ಕಡೆ ಹಾಯಿಸುವುದಿಲ್ಲ. ದಂಗೆ ಆದಾಗ ಅವರಿಗೆ ಹದಿನೇಳು ವರ್ಷ. 1955ರಲ್ಲಿ ಸಾಂಟಿಯಾಗೊದಲ್ಲೇ ಹುಟ್ಟಿದವರು. ಇಂಥವರನ್ನು ಅವರು ಬೀದಿಯಲ್ಲಿ, ಕಚೇರಿಯಲ್ಲಿ, ಅಂಗಡಿಯಲ್ಲಿ ನೋಡಿಕೊಂಡೇ ಬೆಳೆದಿದ್ದಾರೆ ಅಂತ ನನ್ನ ನಂಬಿಕೆ.

ಕೊನೆಯ ಶಾಟ್ ಬಗ್ಗೆ ಹೇಳುವುದಿಲ್ಲ. ಎದ್ದು ಹೋಗಬೇಡಿ, ಅದು ಮುಗಿಯುವವರೆಗೂ ಕೂತಿರಿ.

ಬಣ್ಣದ ಪೆಟ್ಟಿಗೆ:

ಕಾರ್ಬನ್ ಕಾಪಿ ಮೇಡಂ, ಟೈಪ್‌ರೈಟರ್ ದೃಶ್ಯವನ್ನು ಹೀಗೆ ಯಾರೂ ಹೇಳಿರಲಿಲ್ಲ. ನಾನು ಹವ್ಯಾಸಿ ನಾಟಕದವನು. ನನ್ನ ಕಡೆಯಿಂದ ಒಂದು ಮಾತು ಸೇರಿಸಬೇಕು. ಎಲ್ಲರೂ ಲರಾಯಿನ್ ಹೆಸರನ್ನೇ ಹೇಳುತ್ತೀರಿ. ಆದರೆ ಕಾಸ್ಟ್ರೊ ಸಿನಿಮಾಕ್ಕೆ ಬಂದದ್ದು ಬಹಳ ತಡವಾಗಿ. ಅವರ ಮೊದಲ ಸಿನಿಮಾ ಲರಾಯಿನ್ ಅವರದ್ದೇ ಮೊದಲ ಸಿನಿಮಾ 'ಫುಗಾ', 2006ರದ್ದು. ಆಗ ಕಾಸ್ಟ್ರೊಗೆ ಐವತ್ತು. ಅದಕ್ಕೂ ಮುಂಚೆ ಮೂವತ್ತು ವರ್ಷ ಅವರೇನು ಸುಮ್ಮನೆ ಕೂತಿರಲಿಲ್ಲ.

1977ರಲ್ಲಿ ಚಿಲಿ ವಿಶ್ವವಿದ್ಯಾಲಯದಲ್ಲಿ ನಾಟಕ ಓದಿ ಮುಗಿಸಿದರು. ಅಂದರೆ ಕಲಿತದ್ದೂ ಸರ್ವಾಧಿಕಾರದ ಕಾಲದಲ್ಲೇ, ದುಡಿಯಲು ಶುರು ಮಾಡಿದ್ದೂ ಅದೇ ಕಾಲದಲ್ಲೇ. 1989ರಲ್ಲಿ 'ತೆಯಾತ್ರೊ ಲಾ ಮೆಮೊರಿಯಾ' ಅಂತ ಸ್ವಂತ ತಂಡ ಕಟ್ಟಿದರು. ಪಿನೊಚೆ ಅಧಿಕಾರ ಬಿಟ್ಟದ್ದು 1990ರ ಮಾರ್ಚ್‌ನಲ್ಲಿ. ಅದೇ ವರ್ಷ ಇವರ ತಂಡ 'ಲಾ ಮನ್ಸಾನಾ ದೆ ಆದಾನ್' ಆಡಿತು. ಪಾಸ್ ಎರ್ರಾಸುರಿಸ್ ಅನ್ನುವ ಛಾಯಾಗ್ರಾಹಕಿ ಮತ್ತು ಕ್ಲೌದಿಯಾ ದೊನೊಸೊ ಅನ್ನುವ ಪತ್ರಕರ್ತೆ, ಇಬ್ಬರೂ ಸೇರಿ 80ರ ದಶಕದಲ್ಲಿ ಸಾಂಟಿಯಾಗೊ, ತಾಲ್ಕಾ ಊರುಗಳ ವೇಶ್ಯಾಗೃಹಗಳಲ್ಲಿ ಹೆಣ್ಣುಡುಗೆಯಲ್ಲಿ ಬದುಕುತ್ತಿದ್ದವರ ಜೊತೆ ಓಡಾಡಿ ಫೋಟೊ ತೆಗೆದರು, ಅವರ ಮಾತು ಬರೆದುಕೊಂಡರು. ಆ ಪುಸ್ತಕವೇ ನಾಟಕದ ಮೂಲ. ಆಮೇಲೆ ಕೊಲೆ ಮಾಡಿ ಜೈಲು ಸೇರಿದವರ ಮಾತುಗಳನ್ನು ಇಟ್ಟುಕೊಂಡು 'ಇಸ್ತೊರಿಯಾ ದೆ ಲಾ ಸಾಂಗ್ರೆ' ಮಾಡಿದರು. ನಿಜವಾದ ಜನ ಹೇಳಿದ ಮಾತನ್ನು ಅವರದ್ದೇ ಮಾತಾಗಿ ರಂಗದ ಮೇಲೆ ನಿಲ್ಲಿಸುವುದು. ಅದಕ್ಕೆ ನಟನೆಯ ಮಸಾಲೆ ಸೇರಿಸಿದರೆ ಕೆಟ್ಟುಹೋಗುತ್ತದೆ. ಮೇಡಂ ಹೇಳಿದ ಆ ಮಿತ ಇದೆಯಲ್ಲ, ಅದು ಅಲ್ಲಿ ಹದವಾಗಿದ್ದು ಅಂತ ನನಗೆ ಅನ್ನಿಸುತ್ತದೆ.

ಹೊಟ್ಟೆಪಾಡಿಗೆ ಟಿವಿ ಧಾರಾವಾಹಿ ಇದ್ದವು. ಚಿಲಿಯ ಮನೆಮನೆಗೆ ಅವರ ಮುಖ ಗೊತ್ತಿದ್ದದ್ದು ಅಲ್ಲಿಂದಲೇ. ಅದನ್ನು ಕೀಳಾಗಿ ನೋಡಬೇಡಿ. ದಿನಾ ಕ್ಯಾಮೆರಾ ಮುಂದೆ ನಿಂತು ಅಭ್ಯಾಸ ಆಗಿರುವ ರಂಗನಟ ಅಂದರೆ ಕಡಿಮೆ ಮಾತಲ್ಲ.

ಈಗ ನನ್ನ ಆಯ್ಕೆ. 'ಮೈ ಟೆಂಡರ್ ಮ್ಯಾಟಡೋರ್' (2020), ನಿರ್ದೇಶಕ ರೊದ್ರಿಗೊ ಸೆಪುಲ್ವೆದಾ. ಪೆದ್ರೊ ಲೆಮೆಬೆಲ್ ಕಾದಂಬರಿ. 1986ರ ಸಾಂಟಿಯಾಗೊ. ವಯಸ್ಸಾದ ಒಬ್ಬ ಸಲಿಂಗಿ, ಹೆಣ್ಣಾಗಿ ಬದುಕುವ ಜೀವ, ಮಿಲಿಟರಿಯವರ ಹೆಂಡತಿಯರಿಗೆ ಮೇಜಿನ ಬಟ್ಟೆಗೆ ಕಸೂತಿ ಹಾಕಿಕೊಟ್ಟು ಹೊಟ್ಟೆ ಹೊರೆಯುವವಳು. ಕಾರ್ಲೋಸ್ ಅನ್ನುವ ಹುಡುಗ ಬಂದು ಕೆಲವು ಪೆಟ್ಟಿಗೆ ಇಡಲು ಜಾಗ ಕೇಳುತ್ತಾನೆ. ಪುಸ್ತಕ ಅನ್ನುತ್ತಾನೆ. ಆ ವರ್ಷ ಸೆಪ್ಟೆಂಬರ್ 7ಕ್ಕೆ ಪಿನೊಚೆ ಮೇಲೆ ದಾಳಿ ಆಯಿತಲ್ಲ, ಅದರ ತಯಾರಿ. ಅವಳಿಗೆ ಅದು ಅರ್ಥವಾಗದೆ ಇರುವುದಿಲ್ಲ. ಆದರೂ ಇಟ್ಟುಕೊಳ್ಳುತ್ತಾಳೆ, ಪ್ರೀತಿಗಾಗಿ.

ಮಾರಿಯೊ, ರೌಲ್ ಎಲ್ಲ ಮುಚ್ಚಿದ ಬಾಗಿಲು. ಇಲ್ಲಿ ಅದೇ ನಟ ಪೂರ್ತಿ ತೆರೆದುಕೊಂಡಿದ್ದಾರೆ. ಹಾಡುತ್ತಾರೆ, ಮುನಿಸಿಕೊಳ್ಳುತ್ತಾರೆ, ಸೆರಗು ಸರಿಮಾಡಿಕೊಳ್ಳುವ ಹಾಗೆ ಶಾಲು ಎಳೆದುಕೊಳ್ಳುತ್ತಾರೆ. ಇಂಥ ಪಾತ್ರವನ್ನು ನಗೆಪಾಟಲು ಮಾಡುವುದು ಎಷ್ಟು ಸುಲಭ ಅಲ್ವಾ? ಒಂದು ಕ್ಷಣವೂ ಹಾಗಾಗುವುದಿಲ್ಲ. 1990ರ ಆ ನಾಟಕದಿಂದ ಇಲ್ಲಿಗೆ ಮೂವತ್ತು ವರ್ಷ. ಆ ಜನರ ಮಾತನ್ನು ಅವರು ಅಷ್ಟು ವರ್ಷ ಒಳಗೆ ಇಟ್ಟುಕೊಂಡಿದ್ದರು ಅಂತ ಗೊತ್ತಿದ್ದು ನೋಡಿದರೆ ಬೇರೆಯೇ ಸಿನಿಮಾ.

ಮುಂದಿನ ಸಾಲು:

ಇಷ್ಟೆಲ್ಲ ಸಿಗುತ್ತದೆ ಅಂತ ಅಂದುಕೊಂಡಿರಲಿಲ್ಲ. ಎಲ್ಲರಿಗೂ ಧನ್ಯವಾದ. 'ಬಣ್ಣದ ಪೆಟ್ಟಿಗೆ'ಯವರು ಹೇಳಿದ್ದು ಅಮ್ಮನ ಜೊತೆ ನೋಡಬಹುದು ಅನ್ನಿಸುತ್ತಿದೆ. ಅಮ್ಮ ಕಸೂತಿ ಹಾಕುತ್ತಾರೆ.

ಕಾರ್ಬನ್ ಕಾಪಿ ಮೇಡಂ, 'ಪೋಸ್ಟ್ ಮಾರ್ಟೆಮ್' ಆದ ಮೇಲೆ ಏನು? 'ದಿ ಕ್ಲಬ್' ಅಂತ ಒಂದು ಎಲ್ಲ ಕಡೆ ಕಾಣುತ್ತಿದೆ.

ಕಾರ್ಬನ್ ಕಾಪಿ:

'ಬಣ್ಣದ ಪೆಟ್ಟಿಗೆ'ಯವರೇ, ಆ ನಾಟಕಗಳ ವಿಷಯ ಚೆನ್ನಾಗಿ ಬರೆದಿರಿ. ಬೇರೆಯವರ ಮಾತನ್ನು ಒಂದಕ್ಷರ ಹೆಚ್ಚುಕಮ್ಮಿ ಮಾಡದೆ ಹಾಳೆಗೆ ಇಳಿಸುವುದೇ ನನ್ನ ಕೆಲಸವೂ ಆಗಿತ್ತು. ಅದಕ್ಕೇ ಇರಬೇಕು ಈ ನಟ ನನಗೆ ಇಷ್ಟು ಹತ್ತಿರ.

'ದಿ ಕ್ಲಬ್' (2015) ನೋಡಲೇಬೇಕು, ಆದರೆ ಮನಸ್ಸು ಗಟ್ಟಿ ಮಾಡಿಕೊಂಡು. ತಪ್ಪು ಮಾಡಿದ ಪಾದ್ರಿಗಳನ್ನು ಚರ್ಚು ಒಂದು ಸಮುದ್ರತೀರದ ಮನೆಯಲ್ಲಿ ಕೂಡಿಹಾಕಿರುತ್ತದೆ, ಪೊಲೀಸರ ಕೈಗೆ ಕೊಡದೆ. ಬರ್ಲಿನ್‌ನಲ್ಲಿ ಗ್ರ್ಯಾಂಡ್ ಜ್ಯೂರಿ ಬಹುಮಾನ ಬಂತು. ಕಾಸ್ಟ್ರೊ ಅವರದ್ದು ಫಾದರ್ ವಿದಾಲ್. ಮಕ್ಕಳ ವಿಷಯದಲ್ಲಿ ಪಾಪ ಮಾಡಿದವನು. ಅವನು ಒಂದು ಬೇಟೆನಾಯಿ ಸಾಕಿ ಓಟಕ್ಕೆ ತಯಾರು ಮಾಡುತ್ತಾನೆ. ಸಿನಿಮಾ ಶುರುವಾಗುವುದೇ ಅವನು ಮರಳಿನ ಮೇಲೆ ನಿಂತು ಕೋಲಿನ ತುದಿಗೆ ಕಟ್ಟಿದ ಗುರಿಯ ಹಿಂದೆ ನಾಯಿಯನ್ನು ಸುತ್ತಿಸುವುದರಿಂದ. ಊರಿನವರ ಜೊತೆ ಬೆರೆಯುವ ಹಾಗಿಲ್ಲವಲ್ಲ, ನಾಯಿಯನ್ನು ಓಟಕ್ಕೆ ಕರೆದುಕೊಂಡು ಹೋಗುವುದು ಮನೆ ನೋಡಿಕೊಳ್ಳುವ ಸಿಸ್ಟರ್ ಮೋನಿಕಾ. ಪಾದ್ರಿಗಳು ದೂರದ ದಿಣ್ಣೆಯಿಂದ ದುರ್ಬೀನು ಹಿಡಿದು ನೋಡುತ್ತಾರೆ. ವಿದಾಲ್ ಆ ನಾಯಿಯನ್ನು ನಿಜವಾಗಿ ಪ್ರೀತಿಸುತ್ತಾನೆ. ಕಾಸ್ಟ್ರೊ ಆ ಪ್ರೀತಿಯನ್ನು ಕಳಂಕವಿಲ್ಲದೆ ತೋರಿಸುತ್ತಾರೆ, ಅದರಿಂದ ಅವನ ಪಾಪ ಒಂದಿಷ್ಟೂ ಕಮ್ಮಿಯಾಗಲು ಬಿಡುವುದಿಲ್ಲ. ನನಗೆ ಕೈ ನಡುಗಿತು.

ಅದೇ ವರ್ಷ ವೆನಿಸ್‌ನಲ್ಲಿ ಗೋಲ್ಡನ್ ಲಯನ್ ಗೆದ್ದ ವೆನೆಜುವೆಲಾದ 'ಫ್ರಮ್ ಅಫಾರ್'ನಲ್ಲೂ ಇವರೇ. ಲೊರೆನ್ಸೊ ವಿಗಾಸ್ ನಿರ್ದೇಶನ. ಕರಾಕಸ್‌ನಲ್ಲಿ ಹಲ್ಲಿನ ಸೆಟ್ ಮಾಡುವ ಅರ್ಮಾಂದೊ. ಹುಡುಗರಿಗೆ ದುಡ್ಡು ಕೊಟ್ಟು ಮನೆಗೆ ಕರೆತರುತ್ತಾನೆ, ಮುಟ್ಟುವುದಿಲ್ಲ, ದೂರ ಕೂತು ನೋಡುತ್ತಾನೆ. ಅದನ್ನು ನಿಧಾನವಾಗಿ, ಒಬ್ಬರೇ ಇದ್ದಾಗ ನೋಡಿ.

ಇನ್ನು ಎರಡು ಸಿನಿಮಾಗಳನ್ನು ಒಂದರ ಹಿಂದೆ ಒಂದು ನೋಡಬೇಕು ಅಂತ ನನ್ನ ಒತ್ತಾಯ. ತೆಯೊ ಕೋರ್ಟ್ ಅವರ 'ವೈಟ್ ಆನ್ ವೈಟ್' (2019) ಮತ್ತು ಫೆಲಿಪೆ ಗಾಲ್ವೆಸ್ ಅವರ 'ದಿ ಸೆಟ್ಲರ್ಸ್' (2023). ಎರಡೂ ನಡೆಯುವುದು ದಕ್ಷಿಣ ಅಮೆರಿಕದ ತೆಂಕಣ ತುತ್ತತುದಿ, ತಿಯೆರಾ ದೆಲ್ ಫ್ಯುಯೆಗೊದಲ್ಲಿ. ಕುರಿ ಸಾಕಣೆಗೆ ಹುಲ್ಲುಗಾವಲು ಬೇಕು ಅಂತ ಅಲ್ಲಿನ ಮೂಲದವರಾದ ಸೆಲ್ಕ್‌ನಾಮ್ ಜನರನ್ನು ಬೇಟೆಯಾಡಿ ಕೊಂದ ಕಾಲ. ಎರಡನೆಯದರಲ್ಲಿ ಕಾಸ್ಟ್ರೊ ಜಮೀನ್ದಾರ ಹೊಸೆ ಮೆನೆಂದೆಸ್. ಚರಿತ್ರೆಯಲ್ಲಿ ನಿಜವಾಗಿ ಇದ್ದ ಮನುಷ್ಯ. ಜಾಗ ಚೊಕ್ಕಟ ಮಾಡಿ ಬನ್ನಿ ಅಂತ ಆಳುಗಳನ್ನು ಕಳಿಸುವವನು. ಮೊದಲನೆಯದರಲ್ಲಿ ಅವರು ಫೋಟೊಗ್ರಾಫರ್. ಜಮೀನ್ದಾರನ ಮದುವೆಯ ಫೋಟೊ ತೆಗೆಯಲು ಬಂದವನು. ಹುಡುಗಿ ಇನ್ನೂ ಮಗು. ಕಡೆಗೆ ಅವನು ಹೆಣಗಳ ಪಕ್ಕ ಕೊಂದವರನ್ನು ನಿಲ್ಲಿಸಿ, ನೀವು ಸ್ವಲ್ಪ ಈ ಕಡೆ, ನೀವು ಆ ಕಡೆ ಅಂತ ಸರಿಮಾಡಿ, ಬೆಳಕಿಗಾಗಿ ಕಾಯುತ್ತಾನೆ. ಅಪ್ಪಣೆ ಕೊಡುವವನಿಗಿಂತ ನನಗೆ ಆ ಫೋಟೊಗ್ರಾಫರೇ ಜಾಸ್ತಿ ಭಯ ಹುಟ್ಟಿಸಿದ. ಅವನು ತನ್ನ ಕೆಲಸವನ್ನು ಅಷ್ಟು ಚೆನ್ನಾಗಿ ಮಾಡುತ್ತಾನೆ.

ಸಂಜೆ ಬಸ್ಸು:

ಮೇಡಂ, 'ಪೋಸ್ಟ್ ಮಾರ್ಟೆಮ್' ಮೊದಲು ಅನ್ನುವುದನ್ನು ನಾನು ಇನ್ನೂ ಒಪ್ಪಿಲ್ಲ. ಹೊಸಬರಿಗೆ ಅದು ಬಹಳ ನಿಧಾನ. 'ಟೋನಿ ಮನೇರೊ'ದಲ್ಲೂ ನೀವು ಹೇಳಿದ್ದೆಲ್ಲ ಇದೆ. ಸ್ಪರ್ಧೆಯ ದಿನ ಅವನು ವೇದಿಕೆ ಮೇಲೆ ನಿಂತಾಗ ಗಮನಿಸಿ. ಅಷ್ಟೆಲ್ಲ ಕೊಲೆ ಮಾಡಿದವನು ಪಕ್ಕಾ ಶಾಲೆ ಹುಡುಗನ ಹಾಗೆ ನಿಂತಿರುತ್ತಾನೆ, ಚಪ್ಪಾಳೆಗಾಗಿ. ಅದೂ ನಿಮ್ಮ ಟೈಪ್‌ರೈಟರ್ ದೃಶ್ಯದ ನಾಚಿಕೆಯೇ.

ಕಾರ್ಬನ್ ಕಾಪಿ:

ಹೌದು, ಆ ವೇದಿಕೆಯ ಮಾತು ಸರಿ. ಆದರೂ ನನ್ನ ಕ್ರಮ ಬದಲಿಸುವುದಿಲ್ಲ. 'ಪೋಸ್ಟ್ ಮಾರ್ಟೆಮ್' ನೋಡಿ ಬಂದವರಿಗೆ ಆ ವೇದಿಕೆ ತಾನಾಗಿ ಕಾಣುತ್ತದೆ. ಮೊದಲೇ ಕೊಲೆ ನೋಡಿದವರಿಗೆ ಕೊಲೆಯೇ ಕಾಣುತ್ತಿರುತ್ತದೆ.

ಮುಂದಿನ ಸಾಲಿನವರೇ, 'ಮೈ ಟೆಂಡರ್ ಮ್ಯಾಟಡೋರ್' ಬಗ್ಗೆ ಅಮ್ಮ ಏನಂದರು ಅಂತ ಇಲ್ಲಿ ಬರೆಯಿರಿ. ಕಸೂತಿ ಹಾಕುವವರ ಕಣ್ಣಿಗೆ ಆ ಕೈ ಹೇಗೆ ಕಂಡಿತು ಅಂತ ನನಗೆ ತಿಳಿಯಬೇಕು.